ಬಟಾ ಬೇರೆ, ರುಂಬಾದ ಕಾಂಗಾ ಬೇರೆ

ನಮಸ್ಕಾರ. ಕ್ಯೂಬಾದಲ್ಲಿ ಪೂಜೆಗೆ ಬಾರಿಸುವ ಬಟಾ ಡ್ರಮ್ಮು, ಅಲ್ಲಿನ ಹಾಡು-ಕುಣಿತವಾದ ರುಂಬಾದ ಡ್ರಮ್ಮು ಎರಡೂ ಒಂದೇನಾ ಅಂತ ಕೇಳಿದ್ದೀರಿ. ಅಲ್ಲ. ಎರಡರ ಬೇರೂ ಆಫ್ರಿಕಾದಲ್ಲೇ ಇದೆ, ಆದರೆ ಬೇರೆ ಬೇರೆ ಕಡೆ.

ಬಟಾ ಈಗಿನ ನೈಜೀರಿಯಾ ಕಡೆಯ ಯೊರುಬಾ ಜನರದ್ದು. ಒಟ್ಟು ಮೂರು, ಎಲ್ಲಕ್ಕೂ ಎರಡೆರಡು ಮುಖ. ತೊಡೆಯ ಮೇಲೆ ಅಡ್ಡ ಇಟ್ಟುಕೊಂಡು ಎರಡೂ ಕೈಯಿಂದ ಬಾರಿಸುತ್ತಾರೆ. ದೊಡ್ಡದು ಇಯಾ, ಅಂದರೆ ತಾಯಿ. ಅದಕ್ಕೆ ಗೆಜ್ಜೆ ಕಟ್ಟಿರುತ್ತಾರೆ. ಚಿಕ್ಕ ಒಕೊಂಕೊಲೊ ಒಂದೇ ಲಯ ಹಿಡಿದು ಸಾಗುತ್ತದೆ. ಇಯಾ ಕರೆಯುತ್ತದೆ, ನಡುವಿನ ಇಟೊಟೆಲೆ ಓಗೊಡುತ್ತದೆ. ಯೊರುಬಾ ಮಾತಿನಲ್ಲಿ ದನಿಯ ಏರಿಳಿತಕ್ಕೂ ಅರ್ಥವಿದೆ, ಹಾಗಾಗಿ ಒರಿಶಾ ದೇವರನ್ನು ಹೊಗಳುವ ಮಾತನ್ನು ವಾದ್ಯದಲ್ಲೇ ನುಡಿಸಬಹುದು. ಸುಮ್ನೆ ತಾಳ ಹಾಕುವುದಲ್ಲ ಅದು!

ರುಂಬಾ ಮೋಜಿನದ್ದು. ಹವಾನಾ, ಮತಾನ್ಸಾಸ್ ಬಂದರುಗಳ ಕೂಲಿಗಳು ಮೀನು ತುಂಬಿ ಬಂದ ಮರದ ಪೆಟ್ಟಿಗೆಗಳನ್ನೇ ಬಾರಿಸುತ್ತಿದ್ದರು. ರುಂಬಾದ ಉದ್ದನೆಯ ಡ್ರಮ್ಮು ಕಾಂಗಾಕ್ಕೆ ಕಾಂಗೋ ಕಡೆಯ ನಂಟಿದೆ. ಗುವಾಗುವಾಂಕೊ ಎಂಬ ಬಗೆಯ ರುಂಬಾ ಕುಣಿತದಲ್ಲಿ ಗಂಡು ಥಟ್ಟನೆ ಸೊಂಟ ಮುಂದೂಡುತ್ತಾನೆ, ಹೆಣ್ಣು ಲಂಗ ಅಡ್ಡ ಹಿಡಿದು ತಪ್ಪಿಸಿಕೊಳ್ಳುತ್ತಾಳೆ. ಬಾಲ್‌ರೂಮ್ ಸ್ಪರ್ಧೆಯ ರುಂಬಾಗೂ ಇದಕ್ಕೂ ಹೋಲಿಕೆ ಕಡಿಮೆ.

ಕೇಳಲು ಶುರು ಮಾಡುವುದಾದರೆ 1952ರಲ್ಲಿ ಹುಟ್ಟಿದ ಲೋಸ್ ಮುನ್ಯೆಕೀತೋಸ್ ದೆ ಮತಾನ್ಸಾಸ್ ಎಂಬ ರುಂಬಾ ತಂಡವನ್ನು ಹುಡುಕಿ. ಮೊದಲು ಕ್ಲಾವೆ ಎಂಬ ಎರಡು ಕಡ್ಡಿಗಳನ್ನು ಒಂದಕ್ಕೊಂದು ಬಡಿಯುವ ಸದ್ದಿಗೆ ಕಿವಿಗೊಡಿ, ಉಳಿದದ್ದೆಲ್ಲ ಅದರ ಸುತ್ತಲೇ ಓಡುತ್ತದೆ.