ನಿಕೊಲಸ್ ರೇ ಯಾರು? ಹಾಲಿವುಡ್ ಅವರನ್ನು ಕೈಬಿಟ್ಟಿದ್ದೇಕೆ?

1911ರಲ್ಲಿ ವಿಸ್ಕಾನ್ಸಿನ್‌ನಲ್ಲಿ ಹುಟ್ಟಿದ ಅಮೆರಿಕದ ಸಿನಿಮಾ ನಿರ್ದೇಶಕ ರೇ, ಸಿನಿಮಾಕ್ಕೆ ಬರುವ ಮೊದಲು ವಾಸ್ತುಶಿಲ್ಪಿ ಫ್ರಾಂಕ್ ಲಾಯ್ಡ್ ರೈಟ್ ಬಳಿ ಕೆಲಕಾಲ ಕಲಿತವರು. ಸಿನಿಮಾಸ್ಕೋಪ್‌ನ ಅಗಲ ಪರದೆಯನ್ನು ಅವರು ಅಷ್ಟು ಚೆನ್ನಾಗಿ ಬಳಸಿದ್ದರ ಹಿಂದೆ ಆ ಪಾಠವಿದೆ ಅನಿಸುತ್ತದೆ. 'ರೆಬೆಲ್ ವಿತೌಟ್ ಎ ಕಾಸ್' (1955) ನೋಡಿ: ಜೇಮ್ಸ್ ಡೀನ್ ನಟಿಸಿದ ಹುಡುಗ ಹೆತ್ತವರ ಮನೆಯಲ್ಲೇ ಒಂಟಿ. ಹದಿಹರೆಯದ ಆ ಸಂಕಟವನ್ನು ರೇ ಎಲ್ಲೂ ಹಗುರವಾಗಿ ಕಾಣುವುದಿಲ್ಲ. ಅದಕ್ಕೇ ಚಿತ್ರ ಇಂದಿಗೂ ಮನಸ್ಸಿಗೆ ತಟ್ಟುತ್ತದೆ.

ಕುಡಿತ, ಸ್ಟುಡಿಯೊಗಳೊಂದಿಗಿನ ತಿಕ್ಕಾಟ ಅವರನ್ನು ಹಣ್ಣು ಮಾಡಿದವು. 1962ರಲ್ಲಿ '55 ಡೇಸ್ ಅಟ್ ಪೀಕಿಂಗ್' ಚಿತ್ರೀಕರಣದ ನಡುವೆ ಕುಸಿದುಬಿದ್ದರು. ಆಮೇಲೆ ದೊಡ್ಡ ಚಿತ್ರಗಳು ಸಿಗಲಿಲ್ಲ. ಅಷ್ಟರಲ್ಲಾಗಲೇ ಫ್ರಾನ್ಸಿನಲ್ಲಿ ಗೊಡಾರ್, ಟ್ರುಫೊರಂಥ ವಿಮರ್ಶಕರು ರೇ ಅವರನ್ನು ತಲೆಮೇಲೆ ಹೊತ್ತು ಬರೆದಿದ್ದರು. 1970ರ ದಶಕದಲ್ಲಿ ನ್ಯೂಯಾರ್ಕ್ ರಾಜ್ಯದ ಕಾಲೇಜೊಂದರಲ್ಲಿ ಪಾಠ ಮಾಡುತ್ತ, ವಿದ್ಯಾರ್ಥಿಗಳನ್ನೇ ಕಟ್ಟಿಕೊಂಡು ಚಿತ್ರ ತೆಗೆದರು. 1979ರಲ್ಲಿ ತೀರಿಕೊಂಡರು.