ಸಾಕ್ಷ್ಯಚಿತ್ರದ ಕ್ಯಾಮೆರಾ ಕೆಲಸದಲ್ಲೇ ಒಂದು ಜೀವನ ಕಳೆಯಬಹುದೇ?

ಛಾಯಾಗ್ರಹಣ ಕಲಿಯುತ್ತಿರುವ ನೀವು ಎರಡು ಪ್ರಶ್ನೆ ಕೇಳಿದ್ದೀರಿ: ದೊಡ್ಡ ಸಿನಿಮಾಗಳ ಹಿಂದೆ ಬೀಳದೆ ಸಾಕ್ಷ್ಯಚಿತ್ರ ಮತ್ತು ದೂರದರ್ಶನಕ್ಕೆ ಕೆಲಸ ಮಾಡಿಕೊಂಡೇ ಇರಬಹುದೇ, ಹಾಗೆ ದುಡಿದವರಲ್ಲಿ ಯಾರ ಕೆಲಸವನ್ನು ನೋಡಿ ಕಲಿಯಬೇಕು. ಎರಡಕ್ಕೂ ನಾನು ಒಂದೇ ಹೆಸರು ಹೇಳುತ್ತೇನೆ: ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್. ಬೆಂಗಳೂರಿನಲ್ಲೇ ನೆಲೆಸಿದ್ದರು. 2023ರಲ್ಲಿ ಮೋಟಾರ್‌ಸೈಕಲ್ ಅಪಘಾತದಲ್ಲಿ ತೀರಿಕೊಂಡರು. ನಾನೂ ಸಾಕ್ಷ್ಯಚಿತ್ರಗಳಿಗೆ ಕ್ಯಾಮೆರಾ ಹಿಡಿಯುವವನು. ನಮ್ಮ ಊರಿನಲ್ಲೇ ಇಷ್ಟು ದೊಡ್ಡ ಕೆಲಸಗಾರ ಇದ್ದರೆಂಬುದು ಇಲ್ಲಿನ ಎಷ್ಟೋ ವಿದ್ಯಾರ್ಥಿಗಳಿಗೆ ಗೊತ್ತಿಲ್ಲ ಎಂಬ ಸಂಕಟ ನನಗಿದೆ.

ಬರೋಡದಲ್ಲಿ ಚಿತ್ರಕಲೆ, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಛಾಯಾಗ್ರಹಣ ಕಲಿತವರು ಅವರು. ನಿರ್ದೇಶಕ ಮಣಿ ಕೌಲ್ ಅವರ ಕಥಾಚಿತ್ರ ‘ದುವಿಧಾ’ (1973) ಅವರ ಮೊದಲ ಕೆಲಸಗಳಲ್ಲೊಂದು. ರಾಜಸ್ಥಾನದ ಬೋರುಂದಾ ಎಂಬ ಹಳ್ಳಿಯಲ್ಲಿ ಅದರ ಚಿತ್ರೀಕರಣ ನಡೆಯಿತು. ಬಿಳಿ ಗೋಡೆ, ಮದುಮಗಳ ಕೆಂಪು ಸೆರಗು, ನಡುನಡುವೆ ನಿಂತೇ ಬಿಡುವ ಚಿತ್ರಗಳು. ಚೌಕಟ್ಟಿನೊಳಗೆ ಏನಿರಬೇಕು, ಏನಿರಬಾರದು ಎಂದು ತೀರ್ಮಾನಿಸಿಯೇ ಕ್ಯಾಮೆರಾ ಇಟ್ಟದ್ದು ಪ್ರತಿ ದೃಶ್ಯದಲ್ಲೂ ಗೊತ್ತಾಗುತ್ತದೆ.

ಅದೇ ಮನುಷ್ಯ ನಿಪ್ಪಾಣಿಗೆ ಹೋದಾಗ ಏನು ಮಾಡಿದರು ಎಂಬುದು ನನಗೆ ಅತ್ಯಂತ ಮುಖ್ಯವಾದ ಪಾಠ. ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಅವರೊಂದಿಗೆ ಸೇರಿ 1980ರಲ್ಲಿ ‘ಯುಗಾಂತರ್’ ಎಂಬ ಚಿತ್ರ ತಂಡ ಕಟ್ಟಿದರು. ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಣ್ಣುಮಕ್ಕಳು ಸಂಘ ಕಟ್ಟಿಕೊಂಡ ಕಥೆಯನ್ನು ಈ ತಂಡ 1982ರಲ್ಲಿ ‘ತಂಬಾಕು ಚಾಕೀಲಾ ಊಬ್ ಆಲಿ’ ಎಂಬ ಮರಾಠಿ ಸಾಕ್ಷ್ಯಚಿತ್ರವಾಗಿಸಿತು. ಕಾರ್ಮಿಕರೊಂದಿಗೆ ಕೂತು ಮಾತಾಡಿ, ಅವರು ಹೇಳಬೇಕೆಂದದ್ದನ್ನೇ ಚಿತ್ರವಾಗಿಸುವುದು ತಂಡದ ರೀತಿ. ಅಲ್ಲಿ ಚೌಕಟ್ಟನ್ನು ಮೊದಲೇ ತೀರ್ಮಾನಿಸಲು ಆಗುವುದಿಲ್ಲ. ಹೆಂಗಸರು ತಮ್ಮ ಕೂಲಿಯ ಬಗ್ಗೆ, ಧೂಳಿನ ಬಗ್ಗೆ ಮಾತಾಡುವಾಗ ಕ್ಯಾಮೆರಾ ಅವರ ನಡುವೆಯೇ ಇರಬೇಕು, ಆದರೆ ಅವರ ಮಾತನ್ನು ತಡೆಯಬಾರದು.

ಈಗಿನ ಮೆಮೊರಿ ಕಾರ್ಡಿನಲ್ಲಿ ಗಂಟೆಗಟ್ಟಲೆ ದೃಶ್ಯ ತುಂಬುವ ನಮಗೆ ಇದರ ಕಷ್ಟ ತಟ್ಟನೆ ಹೊಳೆಯುವುದಿಲ್ಲ. ಆಗಿನ 16 ಎಂ.ಎಂ. ಕ್ಯಾಮೆರಾಕ್ಕೆ ಹಾಕುವ 400 ಅಡಿಯ ಫಿಲ್ಮು ಸೆಕೆಂಡಿಗೆ 24 ಚಿತ್ರಗಳಂತೆ ಓಡಿದರೆ ಸುಮಾರು 11 ನಿಮಿಷಕ್ಕೆ ಮುಗಿಯುತ್ತದೆ. ಧ್ವನಿ ಬೇರೆ ಯಂತ್ರದಲ್ಲಿ. ಫಿಲ್ಮಿಗೆ ದುಡ್ಡು, ತೊಳೆಸುವುದಕ್ಕೆ ದುಡ್ಡು, ತೊಳೆದು ಬರುವವರೆಗೂ ಏನು ಸಿಕ್ಕಿದೆ ಎಂದು ನೋಡುವ ದಾರಿಯಿಲ್ಲ. ಹಾಗಾಗಿ ಯಾರ ಮಾತು ಈಗ ಗಟ್ಟಿಯಾಗಲಿದೆ ಎಂದು ಕಿವಿಗೊಟ್ಟು ಕೇಳಿ, ಒಂದು ಕ್ಷಣ ಮೊದಲೇ ಗುಂಡಿ ಒತ್ತಬೇಕು. ಒಳ್ಳೆಯ ಸಾಕ್ಷ್ಯಚಿತ್ರ ಛಾಯಾಗ್ರಾಹಕನಿಗೆ ಕಣ್ಣಿಗಿಂತ ಮೊದಲು ಬೇಕಾದದ್ದು ಕೇಳುವ ತಾಳ್ಮೆ ಎಂದು ನಾನು ದೃಢವಾಗಿ ನಂಬುತ್ತೇನೆ. ನವರೋಜ್ ಜಾಝ್ ಸಂಗೀತದ ಹುಚ್ಚಿದ್ದವರು, ಸಂಗೀತಗಾರರ ಫೋಟೋಗಳನ್ನೂ ತೆಗೆದವರು. ಅದಕ್ಕೂ ಇದಕ್ಕೂ ಸಂಬಂಧ ಇದ್ದೀತು ಎಂದು ನನಗೆ ಅನ್ನಿಸುತ್ತದೆ.

ಹೈದರಾಬಾದಿನ ಕೋಮುಗಲಭೆಯ ಕುರಿತ ‘ಕ್ಯಾ ಹುವಾ ಇಸ್ ಶಹರ್ ಕೋ’ (1986), ಬ್ರಿಟನ್ನಿನ ಚಾನೆಲ್ 4 ವಾಹಿನಿಗಾಗಿ ತಯಾರಾದ ‘ಸಮ್‌ಥಿಂಗ್ ಲೈಕ್ ಎ ವಾರ್’ (1991), ಎರಡೂ ದೀಪಾ ಧನರಾಜ್ ನಿರ್ದೇಶನದವು, ಕ್ಯಾಮೆರಾ ನವರೋಜ್ ಅವರದು. ಎರಡನೆಯದನ್ನು ತಪ್ಪದೆ ನೋಡಿ. ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಂಗಸರ ಮೇಲೆ ನಡೆದ ಶಸ್ತ್ರಚಿಕಿತ್ಸೆಗಳ ಚಿತ್ರ ಅದು. ಒಂದು ಕಡೆ ಶಸ್ತ್ರಚಿಕಿತ್ಸಾ ಶಿಬಿರದ ಮೇಜುಗಳು, ಇನ್ನೊಂದು ಕಡೆ ಹೆಂಗಸರು ಗುಂಪಾಗಿ ಕೂತು ತಮ್ಮ ದೇಹದ ಬಗ್ಗೆ ತಾವೇ ಮಾತಾಡುವುದು. ಆ ಶಿಬಿರದಲ್ಲಿ ಕ್ಯಾಮೆರಾ ಹಿಡಿದು ನಿಲ್ಲುವುದಕ್ಕೆ ಎಂಥ ಗುಂಡಿಗೆ ಬೇಕು!

ಹಾಗೆಂದು ಅವರು ಕಥಾಚಿತ್ರಗಳನ್ನು ದೂರವಿಟ್ಟವರಲ್ಲ. ಪುಣೆಯಲ್ಲಿ ಬ್ರಿಟಿಷ್ ಅಧಿಕಾರಿಯನ್ನು ಕೊಂದ ಚಾಪೇಕರ್ ಸಹೋದರರ ಕುರಿತ ‘22 ಜೂನ್ 1897’ (1979), ಗುಜರಾತಿಯ ‘ಹುಂ ಹುಂಶಿ ಹುಂಶಿಲಾಲ್’ (1992) ಅವರೇ ಚಿತ್ರೀಕರಿಸಿದವು. ಒಂದು ದಾರಿ ಹಿಡಿದರೆ ಇನ್ನೊಂದು ಮುಚ್ಚುತ್ತದೆ ಎಂಬ ಭಯ ನಿಮಗಿದ್ದರೆ ಅದು ಇಲ್ಲಿಗೆ ಕರಗಬೇಕು.

ಹಣದ ಮಾತು: ನಿಯಮಿತ ಆದಾಯ ಇರುವುದಿಲ್ಲ. ಸಂಸ್ಥೆಗಳ ಚಿತ್ರ, ತರಬೇತಿ ಚಿತ್ರ, ವಾಹಿನಿಗಳ ಕೆಲಸ ಮಾಡಿಕೊಂಡೇ ನಾನು ನನ್ನಿಷ್ಟದ ಚಿತ್ರಗಳಿಗೆ ಸಮಯ ಉಳಿಸಿಕೊಳ್ಳುತ್ತೇನೆ. ನೀವೂ ಹಾಗೆಯೇ ಮಾಡಬೇಕಾದೀತು, ಮನೆಯವರಿಗೆ ಮೊದಲೇ ಹೇಳಿಡಿ.

ಯುಗಾಂತರ್ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಾಲ್ ಎಂಬ ಸಿನಿಮಾ ಸಂಸ್ಥೆ ಪುನರುಜ್ಜೀವನಗೊಳಿಸಿದೆ. ನಿಪ್ಪಾಣಿಯ ಚಿತ್ರ ಸಿಕ್ಕಿದರೆ ಮೊದಲು ಧ್ವನಿಯೊಂದಿಗೆ, ಆಮೇಲೆ ಧ್ವನಿ ಮುಚ್ಚಿ ನೋಡಿ. ಪ್ರತಿ ದೃಶ್ಯದಲ್ಲೂ ಮಸೂರ ಎಷ್ಟು ಎತ್ತರದಲ್ಲಿದೆ, ಮಾತಾಡುವವರಿಂದ ಎಷ್ಟು ದೂರದಲ್ಲಿದೆ ಎಂದು ಗುರುತು ಹಾಕಿಕೊಳ್ಳಿ. ನಂತರ ‘ದುವಿಧಾ’ವನ್ನು ಹಾಗೆಯೇ ನೋಡಿ. ನಿಮಗೆ ಕಂಡದ್ದನ್ನು ಇಲ್ಲೇ ಬರೆದರೆ ಮುಂದೆ ಮಾತಾಡೋಣ.