ಅಂತೆಕಂತೆ ಬೇಡ, ಲೆಕ್ಕದ ಪುಸ್ತಕ ಬೇಕು

ಪ್ರಶ್ನೆ: ಫ್ರೆಂಚ್ ನಾಟಕಕಾರ ಮೋಲಿಯೇರ್‌ನ ಜೀವನಚರಿತ್ರೆಯನ್ನು ಆಸೆಪಟ್ಟು ತರಿಸಿಕೊಂಡೆ. ಪುಟಗಟ್ಟಲೆ ಬರೀ ಕರಾರು, ಬಾಡಿಗೆ, ಸಾಲ, ರಸೀದಿ! ಅವನು ರಂಗದ ಮೇಲೇ ಪ್ರಾಣ ಬಿಟ್ಟಿದ್ದು, ರಾಜನ ಜೊತೆ ಊಟಕ್ಕೆ ಕೂತಿದ್ದು, ಸ್ವಂತ ಮಗಳನ್ನೇ ಮದುವೆಯಾದ ಅನ್ನುವ ಮಾತು, ಎಲ್ಲಕ್ಕೂ ಲೇಖಕರು ‘ಆಧಾರವಿಲ್ಲ’ ಅನ್ನುತ್ತಾರೆ. ಜೀವನಚರಿತ್ರೆಯಲ್ಲಿ ಜೀವವೇ ಇಲ್ಲದಿದ್ದರೆ ಹೇಗೆ?
– ಓದುಗರೊಬ್ಬರು, ಧಾರವಾಡ

ಉತ್ತರ: ಮೇಡಂ, ಕಥೆ ಬೇಕು ಅನ್ನುವುದು ತಪ್ಪಲ್ಲ. ಕಾದಂಬರಿ ಬರೆಯುವವರು ಈ ಕಥೆಗಳನ್ನು ಧಾರಾಳವಾಗಿ ಬಳಸಿಕೊಳ್ಳಲಿ. ಆದರೆ ನೀವು ಬೇಜಾರಾಗಿ ಮಗುಚಿದ ಪುಟಗಳಲ್ಲೇ ಜೀವ ಇದೆ ಅಂತ ನನಗೆ ಖಂಡಿತ ಅನಿಸುತ್ತದೆ.

1645ರ ಭಾಗವನ್ನು ಇನ್ನೊಮ್ಮೆ ತೆಗೆಯಿರಿ. ಹುಡುಗನಿಗೆ 23 ವರ್ಷ. ಅಪ್ಪ ರಾಜನ ಅರಮನೆಗೆ ಪರದೆ, ಪೀಠೋಪಕರಣ ಒದಗಿಸುವವನು. ಆ ಕೆಲಸ ಬಿಟ್ಟು ಮಗ ನಾಟಕ ಕಂಪನಿ ಕಟ್ಟಿದ. ಕಂಪನಿ ಮುಳುಗಿತು, ಇವನು ಜೈಲಿಗೆ ಹೋದ. ಯಾರ ಸಾಲಕ್ಕೆ? ಮೇಣದಬತ್ತಿ ಮಾರುವವನಿಗೆ ಕೊಡಬೇಕಿದ್ದ 142 ಲಿವ್ರ್‌ಗೆ (ಲಿವ್ರ್ ಅಂದರೆ ಆಗಿನ ಫ್ರೆಂಚ್ ಹಣ). ಆಗ ನಾಟಕ ನಡೆಯುತ್ತಿದ್ದದ್ದೇ ಮೇಣದಬತ್ತಿಯ ಬೆಳಕಲ್ಲಿ, ಅಲ್ವಾ? ಬಿಡಿಸಿಕೊಂಡು ಬರಲು ಜಾಮೀನು ನಿಂತವನು ಲೆಯೋನಾರ್ ಓಬ್ರಿ. ಒಂದೂವರೆ ವರ್ಷದ ಹಿಂದೆ ಇವರ ನಾಟಕಶಾಲೆಯ ಮುಂದೆ ಗಾಡಿಗಳು ಬಂದು ನಿಲ್ಲಲೆಂದು ಕಲ್ಲು ಹಾಸಿಕೊಟ್ಟ ಗುತ್ತಿಗೆದಾರ! ದೊಡ್ಡ ಮನುಷ್ಯರು ಯಾರೂ ಬರಲಿಲ್ಲ, ಕಲ್ಲು ಹಾಸಿದವನು ಬಂದ. ಇದಕ್ಕಿಂತ ಒಳ್ಳೆಯ ಕಥೆ ಯಾರು ಕಟ್ಟಿಯಾರು ಹೇಳಿ. ಇದು ಸಿಕ್ಕಿದ್ದು ಕರಾರು ಪತ್ರಗಳಲ್ಲಿ.

ಇನ್ನು ರಾಜನ ಊಟ. 14ನೇ ಲೂಯಿ ಮೋಲಿಯೇರ್‌ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಉಣಿಸಿದ ಅನ್ನುವ ಮಾತು ಅಚ್ಚಾದದ್ದು 1820ರ ದಶಕದಲ್ಲಿ, ಅವನು ಸತ್ತು ಸುಮಾರು 150 ವರ್ಷಕ್ಕೆ. 1857ರಲ್ಲಿ ಫ್ರೆಂಚ್ ಚಿತ್ರಕಾರ ಆಂಗ್ರ್ ಅದನ್ನೇ ಚಿತ್ರ ಬರೆದ. ಚಿತ್ರ ನೋಡಿದವರಿಗೆ ಕಥೆ ಸತ್ಯವಾಯಿತು. ಮೊದಲ ಜೀವನಚರಿತ್ರೆಯೇ ಬಂದದ್ದು 1705ರಲ್ಲಿ, 32 ವರ್ಷ ತಡವಾಗಿ. ಅದನ್ನು ಬರೆದ ಗ್ರಿಮಾರೆ ಹೆಚ್ಚಾಗಿ ನಂಬಿದ್ದು ಒಬ್ಬ ನಟ ಹೇಳಿದ ನೆನಪುಗಳನ್ನು. ಮೋಲಿಯೇರ್‌ನನ್ನು ಹತ್ತಿರದಿಂದ ಬಲ್ಲ ಕವಿ ಬುವಾಲೋಗೆ ಆ ಪುಸ್ತಕ ಹಿಡಿಸಲಿಲ್ಲ.

ಮದುವೆಯ ಮಾತು ನನಗೆ ಸಿಟ್ಟು ತರಿಸುತ್ತದೆ. 1662ರ ಮದುವೆ ಕರಾರಿನಲ್ಲಿ ಆರ್ಮಾಂಡ್ ಅನ್ನುವ ಹುಡುಗಿಯನ್ನು ಮೋಲಿಯೇರ್‌ನ ಹಳೆಯ ಪ್ರೇಯಸಿ, ನಟಿ ಮ್ಯಾಡ್ಲೀನ್ ಬೆಜಾರ್‌ಳ ತಂಗಿ ಅಂತ ಬರೆದಿದೆ. ತಂಗಿಯಲ್ಲ, ಮಗಳು ಅಂತ ಆಗಲೇ ಜನ ಆಡಿಕೊಂಡರು. ಅದನ್ನೇ ಹಿಡಿದು ರಾಜನವರೆಗೆ ದೂರು ಒಯ್ದವನು ಎದುರು ಕಂಪನಿಯ ನಟ. ರಾಜ ಏನು ಮಾಡಿದ? 1664ರಲ್ಲಿ ಈ ದಂಪತಿಯ ಮೊದಲ ಮಗುವಿಗೆ ತಾನೇ ಧರ್ಮಪಿತನಾದ, ಅಂದರೆ ದೀಕ್ಷಾಸ್ನಾನದಲ್ಲಿ ಮಗುವಿನ ಹೊಣೆ ಹೊತ್ತ. ಆರ್ಮಾಂಡ್ ಹುಟ್ಟಿದ ದಾಖಲೆ ಸಿಕ್ಕಿಲ್ಲ, ನಿಜ. ಹಾಗಂತ ಹೊಟ್ಟೆಕಿಚ್ಚಿನವನ ಮಾತನ್ನು ಮೂರೂವರೆ ಶತಮಾನದ ಮೇಲೂ ನಾವು ಹೊತ್ತುಕೊಂಡು ತಿರುಗಬೇಕೇ?

ಸಾವಿನ ಮಾತಿಗೆ ಬರೋಣ. ಲಾ ಗ್ರಾಂಜ್ ಅಂತ ಅವರದೇ ಕಂಪನಿಯ ನಟನೊಬ್ಬ ಆಟ ಆಟಕ್ಕೂ ಗಲ್ಲಾ ಲೆಕ್ಕ ಬರೆದಿಟ್ಟಿದ್ದಾನೆ. 1673ರ ಫೆಬ್ರವರಿ 17ರಂದು ‘ರೋಗಭ್ರಮೆಯವನು’ ನಾಟಕದ ನಾಲ್ಕನೇ ಆಟ. ಆ ದಿನದ ವಸೂಲಿಯನ್ನು ಎಂದಿನಂತೆ ಬರೆದು, ಅದರ ಕೆಳಗೇ ಸೇರಿಸಿದ್ದಾನೆ: ಆಟ ಮುಗಿದ ಮೇಲೆ, ರಾತ್ರಿ ಹತ್ತರ ಸುಮಾರಿಗೆ, ರಿಶಲ್ಯೂ ಬೀದಿಯ ಮನೆಯಲ್ಲಿ ಮೋಲಿಯೇರ್ ತೀರಿಕೊಂಡರು; ಕೆಮ್ಮಿ ಕೆಮ್ಮಿ ಒಳಗೆ ರಕ್ತನಾಳ ಒಡೆಯಿತು. ಎದೆ ನೋವು ಇಟ್ಟುಕೊಂಡೇ ರೋಗಿಯ ಪಾತ್ರ ಮಾಡಿದ್ದ ಮನುಷ್ಯ. ಹೆಂಡತಿ ಕೊಟ್ಟ ಅರ್ಜಿ ಓದಿ: ಕರೆದರೂ ಇಬ್ಬರು ಪಾದ್ರಿಗಳು ಬರಲಿಲ್ಲ, ಮೂರನೆಯವನು ಬರುವಷ್ಟರಲ್ಲಿ ಉಸಿರು ನಿಂತಿತ್ತು. ನಟ ಅನ್ನುವ ಕಾರಣಕ್ಕೆ ಮಣ್ಣು ಸಿಗುವುದೂ ಕಷ್ಟವಾಗಿ, ಕೊನೆಗೆ ರಾತ್ರಿ ಹೊತ್ತು ಹೂಳಿದರು. ರಂಗದ ಮೇಲಿನ ಸಾವು ಇದರ ಮುಂದೆ ಎಷ್ಟು ಸಪ್ಪೆ!

ಸತ್ತ ಮೇಲೆ ಮನೆಯ ಸಾಮಾನು ಪಟ್ಟಿ ಮಾಡಿದರು. ಅದರಲ್ಲಿ ಅವನು ‘ಮನುಷ್ಯದ್ವೇಷಿ’ ನಾಟಕದಲ್ಲಿ ಹಾಕುತ್ತಿದ್ದ ಉಡುಪೂ ಇದೆ. ಜರಿಯ ಪಟ್ಟೆ, ಹಸಿರು ರಿಬ್ಬನ್. ನಾಟಕದ ಕೊನೆಯ ಅಂಕದಲ್ಲಿ ನಾಯಕಿ ತನ್ನ ಪತ್ರದಲ್ಲಿ ಅವನನ್ನು ‘ಹಸಿರು ರಿಬ್ಬನ್ನಿನವನು’ ಅಂತಲೇ ಕರೆಯುತ್ತಾಳೆ. ಪಟ್ಟಿಯ ಆ ಸಾಲು ಓದಿದಾಗ ಮನುಷ್ಯ ಎದುರಿಗೆ ಬಂದು ನಿಂತ ಹಾಗಾಯಿತು ನನಗೆ.

ಅವನ ಕೈಬರಹದ ಒಂದು ನಾಟಕವೂ ಉಳಿದಿಲ್ಲ. ಆದರೂ ಇಷ್ಟು ಗೊತ್ತಾಗಿದ್ದು ಹೇಗೆ? 1863ರಲ್ಲಿ ಯುಡೋರ್ ಸೂಲಿಯೆ ಪ್ಯಾರಿಸ್ಸಿನ ನೋಟರಿಗಳ ಕಡತ ಕೆದಕಿ ಪುಸ್ತಕ ತಂದ. ನೂರು ವರ್ಷದ ಮೇಲೆ, 1963ರಲ್ಲಿ, ಇಬ್ಬರು ಮಹಿಳೆಯರು ಸಿಕ್ಕಿದ ದಾಖಲೆಗಳನ್ನೆಲ್ಲ ಒಟ್ಟು ಮಾಡಿ ಅಚ್ಚು ಹಾಕಿಸಿದರು. ಅಲ್ಲಿ ಕಾಗದ ಇತ್ತು, ಓದುವವರೂ ಇದ್ದರು.

ಎ.ಎನ್. ಮೂರ್ತಿರಾಯರ ‘ಆಷಾಢಭೂತಿ’ಯಿಂದಾಗಿ ಮೋಲಿಯೇರ್‌ನ ‘ತಾರ್ತ್ಯೂಫ್’ ನಮ್ಮದೂ ಆಗಿದೆ. ಆದರೆ ನಮ್ಮ ನಟರ ಬದುಕು? ಜೀವನಚರಿತ್ರೆ ಅಂತ ನನ್ನ ಮೇಜಿಗೆ ಬರುವುದರಲ್ಲಿ ಜಾಸ್ತಿ ಅಭಿನಂದನಾ ಗ್ರಂಥಗಳೇ. ಮಹಾನುಭಾವರು, ಸರಸ್ವತೀಪುತ್ರರು. ಎಷ್ಟು ಸಂಬಳ ಇತ್ತು, ಯಾವ ಕ್ಯಾಂಪಿನಲ್ಲಿ ಕಂಪನಿ ಸಾಲಕ್ಕೆ ಸಿಕ್ಕಿತು, ಪರದೆ ಬರೆದವನು ಯಾರು, ಒಂದೂ ಇಲ್ಲ. ಲೆಕ್ಕದ ಪುಸ್ತಕಗಳು ತೂಕಕ್ಕೆ ಹೋಗಿವೆ.

ಪತ್ರದ ಕೊನೆಗೆ ನೀವೇ ಬರೆದಿದ್ದೀರಿ: ನಿಮ್ಮ ಮಾವನವರು ನಾಟಕ ಕಂಪನಿಯೊಂದರಲ್ಲಿ ಹಾರ್ಮೋನಿಯಂ ನುಡಿಸುತ್ತಿದ್ದರು, ಅಟ್ಟದ ಮೇಲೆ ಕಂಪನಿಯ ಖಾತೆ ಪುಸ್ತಕಗಳ ಒಂದು ಟ್ರಂಕ್ ಇದೆ, ದೀಪಾವಳಿಗೆ ಮನೆ ಚೊಕ್ಕ ಮಾಡುವಾಗ ರದ್ದಿಗೆ ಹಾಕಬೇಕು ಅಂತ. ಮೇಡಂ, ದಯವಿಟ್ಟು ಹಾಕಬೇಡಿ. ಹುಳ ಹಿಡಿದಿದ್ದರೆ ನೆರಳಲ್ಲಿ ಗಾಳಿಗೆ ಹರವಿ, ಪುಟ ಹರಿದಿದ್ದರೆ ಟೇಪ್ ಹಚ್ಚಬೇಡಿ. ನಮ್ಮ ಕಚೇರಿಗೊಂದು ಕಾರ್ಡ್ ಹಾಕಿ, ನಾನೇ ಧಾರವಾಡಕ್ಕೆ ಬರುತ್ತೇನೆ.